ತೋಳನ ಹಡಗು, ನನ್ನ ಹಸರ ಬಳಿ

ಈಗೂ ಜರ್ಮನ್ರ ಸುದ್ದಿನ. ಮೂಡಲಗಿ ಪ್ಯಾಟ್ಯಾಗ ಚಹಾದಂಗಡಿ ಮುಂದ ಒಬ್ಬಾವ ಪೇಪರ ಓದತಾನ, ಉಳದ ಮಂದಿ ಬಾಯಿ ತಕ್ಕೊಂಡ ಕೇಳತಾರ. ಜರ್ಮನ್ರ ದೊಡ್ಡ ಲಡಾಯಿ ಹಡಗ ಮುಳುಗಿತಂತ, ಒಂದ ಊರಷ್ಟ ದೊಡ್ಡದಿತ್ತಂತ, ಒಳಗಿನ ಮಂದಿ ಭಾಳ ಮಟ್ಟಿಗೆ ನೀರ ಪಾಲಾತಂತ. ಹುಡುಗೋರು ಶಿಳ್ಳಿ ಹೊಡದ್ರು. ನಾ ಸಂತಿ ಚೀಲ ಹಿಡಕೊಂಡ ಬಾಜೂಕ ನಿಂತಿದ್ನಿ. ನನಗ ನಗೂನೂ ಬರ್ಲಿಲ್ಲ, ಅಳೂನೂ ಬರ್ಲಿಲ್ಲ. ಕಾಲ ನೋಯಾಕತ್ತಿದ್ವು, ಮನಿಗೆ ಬಂದ್ನಿ.

ಸಮುದ್ರ ಕಂಡಾಕಿ ಅಲ್ಲ ನಾನು. ಹುಟ್ಟಿದ್ದ ಹುಕ್ಕೇರಿ ಕಡೆ, ಕೊಟ್ಟಿದ್ದ ಮೂಡಲಗಿಗೆ. ನಾ ಕಂಡ ದೊಡ್ಡ ನೀರಂದ್ರ ಮಳಿಗಾಲದಾಗ ಗೋಕಾಕ ಫಾಲ್ಸ, ಅಷ್ಟ. ಅಂಥಾಕಿ ಬಾಳೇವದಾಗ ಜರ್ಮನ್ರ ಹಡಗ ಯಾಕ ಬರಬೇಕ? ಹಣ್ಯಾಗ ಬರದದ್ದ ತಪ್ಪೂದಿಲ್ಲ ಅಂತಾರ. ಬರದಾವ ಯಾವನರ ಆಗಿರ್ಲಿ, ಅವನ ಕೈ ಸೇದಿ ಹೋಗ್ಲಿ. ಕನ್ನಡ ಮೂರನೇ ಇಯತ್ತೆ ತನಕ ಕಲತಾಕಿ ನಾನು, ನನ್ನ ಅಕ್ಷರ ಓರೆಕೋರೆ. ಆದ್ರೂ ಬರ್ಯಾಕ ಕೂತೇನಿ. ಈ ಊರಾಗ ಹೆಂಗಸ್ರು ನನ್ನ ಕೈ ನೋಡತಾರ, ಆಮ್ಯಾಲ ಒಬ್ಬರ ಮಾರಿ ಒಬ್ಬರು ನೋಡತಾರ. ಒಬ್ಬೊಬ್ಬರಿಗೆ ಬಿಡಿಸಿ ಹೇಳಾಕ ನನಗ ತ್ರಾಣ ಇಲ್ಲ.

ನನ್ನ ಗಂಡ ಗೋಕಾಕದಾಗ ಹತ್ತಿ ಜಿನ್ನಿನ ಬಾಯ್ಲರಿಗೆ ಬೆಂಕಿ ಹಾಕಾವ. ಬೆಂಕಿ ಅಂದ್ರ ಅವಗ ಜೀವ. ಮನಿಗೆ ಬಂದ್ರೂ ಒಲಿ ಮುಂದ ಕೂತ ಕೊಳ್ಳಿ ಸರಸಾವ. "ಇಷ್ಟ ಕಟಗಿ ಯಾಕ ತುರಕತಿ? ಗಾಳಿ ಆಡಾಕ ಬಿಡು" ಅಂತ ನನಗ ಬುದ್ಧಿ ಹೇಳಾವ. "ಅಡಗಿ ಮಾಡಾಕಿ ನಾನೋ ನೀವೋ?" ಅಂತ ನಾ ಸಿಟ್ಟ ಮಾಡಾಕಿ. ನಮ್ಮ ಜಗಳ ಅಂದ್ರ ಅಷ್ಟ ಇತ್ತು. ಒಂದ ಹೆಣ್ಣ ಕೂಸ ಹುಟ್ಟಿತ್ತು, ಹೊಟ್ಟಿಗೆ ಜ್ವಾಳ ಇತ್ತು, ಇನ್ನೇನ ಬೇಕ?

ಆಗ ಮದಲನೇ ಜರ್ಮನ್ ಲಡಾಯಿ ಹತ್ತಿತು. ನಮ್ಮ ಕಡೆ ಹತ್ತಿ ಜರ್ಮನ್ರಿಗೂ ಹೋಗತಿತ್ತು ಅನ್ನೂದ ನಮಗ ಗೊತ್ತಾದದ್ದ ಅದು ನಿಂತ ಮ್ಯಾಲ. ಹಡಗ ಓಡೂದ ಕಮ್ಮಿ ಆತು, ಹತ್ತಿ ಕೇಳಾವ ಇಲ್ಲದಂಗಾತು, ಜಿನ್ನಿನ ಬಾಯ್ಲರ ತಣ್ಣಗಾತು. ಅದ ವರ್ಷ ಎಮ್ಡನ್ ಅನ್ನೂ ಜರ್ಮನ್ ಹಡಗ ಮದ್ರಾಸಿಗೆ ಬಂದ ಗುಂಡ ಹಾರಿಸಿ ಓಡಿ ಹೋತು. ಯಾವಾಗ ಬರತೈತಿ, ಯಾವಾಗ ಹೋಗತೈತಿ ಯಾರಿಗೂ ತಿಳೀದಂತ. ನಮ್ಮ ಅತ್ತಿ ಹಾಲ ಕದ್ದ ಕುಡಿಯೂ ಒಂದ ಕರೇ ಬೆಕ್ಕಿಗೆ ಎಮ್ಡನ್ ಅಂತ ಹೆಸರಿಟ್ಟಿದ್ಳು. "ಬಂತ ನೋಡ ಎಮ್ಡನ್ನ, ಬಡಿಗಿ ತಾ" ಅಂತ ಒದರಾಕಿ. ಆಗ ನಮಗ ಜರ್ಮನ್ರ ಹಡಗ ಅಂದ್ರ ನಗಿ.

ಗಂಡ ಬೊಂಬಾಯಿಗೆ ಹ್ವಾದ. ಗಿರಣಿ ಬಾಯ್ಲರದಾಗ ಕೆಲಸ ಅಂತ ಹೇಳಿ ಹ್ವಾದಾವ, ಆಮ್ಯಾಲ ಅಲ್ಲೇ ಹಡಗ ಹತ್ತಿದ. ಹಡಗದ ಹೊಟ್ಟ್ಯಾಗ ಕಲ್ಲಿದ್ದಲಿ ತುಂಬಿ ಬೆಂಕಿ ಹಾಕೂ ಕೆಲಸ. ಪಗಾರ ಚಲೋ ಅಂತ. ಈ ಸುದ್ದಿ ನಮಗ ತಂದಾವ ಕಣಗಲಾದ ಒಬ್ಬ ಹಮಾಲ, ಅಂವ ಬೊಂಬಾಯಿ ಬಂದರದಾಗ ಮೂಟಿ ಹೊರತಿದ್ದ, ಊರಿಗೆ ಬಂದಾಗ ನಮ್ಮ ಮನಿಗೂ ಬಂದ ಹೋಗತಿದ್ದ. ಅತ್ತಿ ಎದಿ ಬಡಕೊಂಡ್ಳು. "ಲಿಂಗ ಕಟ್ಟಿದ ಮಗ ನೀರ ಮ್ಯಾಲ ಹ್ವಾದನಲ್ಲೋ ಶಿವನ! ಏನ ತಿಂತಾನೋ, ಯಾರ ಕೈಯಾಗ ಉಣತಾನೋ!" ನಾನೂ ಬೈದ್ನಿ, ಅವನ ಮುಂದ ಅಲ್ಲ, ಒಲಿ ಮುಂದ.

ಒಂದ ಬ್ಯಾಸಗಿಗೆ ಅದ ಕಣಗಲಾದಾವ ಬಂದ ಕಟ್ಟಿ ಮ್ಯಾಲ ಕೂತಾವ ನೀರ ಕೊಟ್ರೂ ಕುಡೀಲಿಲ್ಲ. ಆಗ ನನಗ ತಿಳೀತು. ಬೊಂಬಾಯಿ ಮುಂದಿನ ಸಮುದ್ರದಾಗ ಜರ್ಮನ್ರು ಕಳ್ಳತನದಿಂದ ಸಿಡಿಮದ್ದ ಇಟ್ಟ ಹೋಗ್ಯಾರ, ಹಡಗ ಅದನ್ನ ಮುಟ್ಟಿದ್ರ ಒಡದ ಹೋಗತಾವ ಅಂದ. "ನಿಮ್ಮವ ಇದ್ದ ಹಡಗ ಎಲ್ಲಿಗೂ ಮುಟ್ಟಿಲ್ಲವ್ವ. ಕಂಪನಿಯವರು ಅದರ ಆಶಾ ಬಿಟ್ಟs ಬಿಟ್ಟಾರ" ಅಂದ. ಅತ್ತಿ ಗ್ವಾಡಿಗೆ ಹಣಿ ಹಚ್ಚಿ ಕೂತ್ಳು.

ನಮ್ಮಾಗ ಸತ್ತವರನ್ನ ಮಲಗಸೂದಿಲ್ಲ. ಕೈಯಾಗ ಲಿಂಗ ಇಟ್ಟ, ವಿಭೂತಿ ಧರಿಸಿ, ಕೂಡಿಸಿ ಮಣ್ಣ ಕೊಡತಾರ. ಅತ್ತಿಗೆ ಅದ ಒಂದ ಹತ್ತಿ ಬಿಟ್ಟಿತು. ಮಗ ನೀರಾಗ ಅಡ್ಡಾದಿಡ್ಡಿ ಬಿದ್ದಾನ, ಮೀನ ಕಿತ್ತಾಕತ್ತಾವ, ಅವನ್ನ ಕೂಡಿಸವರು ಯಾರೂ ಇಲ್ಲ. ಉಣ್ಣಾಕ ಕುಂತ್ರೂ ಅದ ಮಾತ, ಬೀಸಾಕ ಕುಂತ್ರೂ ಅದ ಮಾತ. "ನನ್ನ ಮಗನ್ನ ಯಾರರ ಕೂಡಸ್ರಿ" ಅಂತ ಹಾದಿಗೆ ಹೋಗವರಿಗೆಲ್ಲ ಕೈ ಮುಗಿಯಾಕ ಹತ್ತಿದ್ಳು. ಊರ ದೈವದ ಹಿರ್ಯಾರು ಕೂಡಿ ಒಂದ ಹಾದಿ ತಗದ್ರು. ಹೆಣ ಇಲ್ಲಂದ್ರ ಏನಾತು, ಅವನ ಹೆಸರಲೇ ಒಂದ ಗೊಂಬಿ ಮಾಡಸ್ರಿ, ಅದನ್ನ ಕೂಡಿಸಿ ಮಣ್ಣ ಕೊಡೂಣು ಅಂದ್ರು.

ನಾ ಒಲ್ಲೆ ಅಂದ್ನಿ. "ಅಂವ ಸತ್ತದ್ದ ಯಾರ ಕಂಡಾರ? ಹಡಗ ಬರಲಿಲ್ಲ ಅಂದ್ರ ಮನಶಾ ಸತ್ತಂಗ ಏನು?" ಅಂತ ಕೇಳಿದ್ನಿ. ಯಾಕಂದ್ರ ಗೊಂಬಿ ಕೂಡಿಸಿದ ಮ್ಯಾಲ ನನ್ನ ತಾಳಿ ತಗೀಬೇಕ, ನನ್ನ ಬಳಿ ಒಡೀಬೇಕ, ಅದು ಎಲ್ಲಾರಿಗೂ ಗೊತ್ತು, ಯಾರೂ ಬಾಯಿ ಬಿಟ್ಟ ಅನ್ನಲಿಲ್ಲ. ಅಂದಾಕಿ ಅತ್ತಿ ಒಬ್ಬಾಕಿನ. "ನಿನ್ನ ಬಳಿ ದೊಡ್ಡದೋ, ನನ್ನ ಮಗ ಕುಂದ್ರೂದ ದೊಡ್ಡದೋ?" ಅಂದ್ಳು. ಕಣ್ಣಾಗ ನೀರ ತಂದ ಕೇಳಿದ್ಳು, ಸಿಟ್ಟಿಲೆ ಅಲ್ಲ. ಸಿಟ್ಟಿಲೆ ಕೇಳಿದ್ರ ನಾ ಎದರಾಡತಿದ್ನಿ. ಮುದುಕಿ ಹಂಗ ಕೇಳಿದ ಮ್ಯಾಲ ಹೂಂ ಅಂದ್ನಿ.

ಗೋಕಾಕದಾಗ ಕಟಗಿ ಗೊಂಬಿ ಮಾಡಾವರು ಭಾಳ ಮಂದಿ. ಹಗುರ ಕಟಗಿ ಕೆತ್ತಿ ಬಣ್ಣಾ ಹಚ್ಚಿದ ಮಾವಿನಹಣ್ಣ, ಬಾಳಿಹಣ್ಣ, ಸಿಪಾಯಿ, ಎಲ್ಲಾ ಮಾಡತಾರ. ನಾನೂ ಅತ್ತಿನೂ ಹೋಗಿ ಹೇಳಿದ್ವಿ. ಗೊಂಬಿಯವ ಪಾಪ, ಅವಗ ಇಂಥಾ ಕೆಲಸ ಹೊಸಾದು. ಕೂತ ಗೊಂಬಿ ಮಾಡಿ ಕೊಟ್ಟ, ಆದ್ರ ಮಾರಿ ಮಾತ್ರ ಅವನ ಕೈಗೆ ರೂಢಿ ಇದ್ದ ಸಿಪಾಯಿದ ಮಾರಿ ಬಂದಿತ್ತು. ಕೆಂಪ ಗಲ್ಲ, ಸುರಳಿ ಮೀಸಿ. ನನ್ನ ಗಂಡಗ ಮೀಸಿ ಚಿಗುರಿದ್ದs ಕಡಿಮಿ. ನನಗ ಒಳಗೊಳಗ ನಗಿ ಬಂತು. ಅತ್ತಿ ಅದರ ಗಲ್ಲ ಹಿಡದ ಮುದ್ದ ಕೊಟ್ಳು. ಚಕ್ಕಡಿ ತುಂಬ ಅದನ್ನ ತೊಡಿ ಮ್ಯಾಲ ಕೂಡಿಸ್ಕೊಂಡ ಬಂದ್ಳು.

ನಮ್ಮ ಹೊಲದಾಗ ಕುಣಿ ತೋಡಿದ್ರು. ಗೊಂಬಿಗೆ ಅವನ ಧೋತರ ಉಡಿಸಿದ್ರು, ಹೊಸಾ ಲಿಂಗ ಕೈಯಾಗ ಇಟ್ರು, ಅಯ್ಯನವರು ಅದರ ತಲಿ ಮ್ಯಾಲ ಪಾದ ಇಟ್ರು, ಪತ್ರಿ ಹಾಕಿದ್ರು, ಮಣ್ಣ ಮುಚ್ಚಿದ್ರು. ಆಮ್ಯಾಲ ಹೆಂಗಸ್ರು ನನ್ನ ಎರಡೂ ಕೈ ಕೂಡಿಸಿ ಕಲ್ಲಿಗೆ ಬಡದ್ರು. ಹಸರ ಬಳಿ ಇದ್ವು. ಒಂದ ಚೂರ ಮಣಿಕಟ್ಟಿನಾಗ ನೆಟ್ಟ ರಕ್ತ ಬಂತು. ಗೊಂಬಿ ಸಲುವಾಗಿ ರಂಡಮುಂಡಿ ಆದ್ನಿ ನಾನು, ಇಂಥಾದ್ದು ಎಲ್ಲೆರ ಕೇಳೀರೇನು? ಆ ದಿನದಿಂದ ಅತ್ತಿ ಮಾತ್ರ ನಿದ್ದಿ ಮಾಡಾಕ ಹತ್ತಿದ್ಳು.

ಲಡಾಯಿ ಮುಗಿಯೂ ವ್ಯಾಳ್ಯಾಕ ಆ ದೊಡ್ಡ ಜ್ವರ ಬಂತು. ಮನಿಗೊಂದ ಹೆಣ, ಹೊರವರ ಇಲ್ಲ. ಅತ್ತಿ ಹ್ವಾದ್ಳು. ನಾ ಮಗಳನ್ನ ಕಟ್ಟಿಕೊಂಡ ಹೊಲಾ ಮನಿ ಮಾಡಿದ್ನಿ. ಆಗಿನಿಂದ ಹತ್ತಿದ ದಣುವು ಇದು, ಇನ್ನೂ ಇಳದಿಲ್ಲ.

ಮರುವರ್ಷ ಒಂದ ಮುಂಜಾನೆ ನಾ ಅಂಗಳ ಸಾರಸಾಕತ್ತಿದ್ನಿ. ಬಾಗಲಾಗ ಒಬ್ಬಾವ ಬಂದ ನಿಂತ. ಬೈರಾಗಿ ಅಂತ ತಿಳದ "ಮುಂದ ಹೋಗಪಾ" ಅಂದ್ನಿ. ಹೋಗಲಿಲ್ಲ. ಹಲ್ಲ ಅರ್ಧಾ ಬಿದ್ದಿದ್ವು, ಎಲಬಿಗೆ ತೊಗಲ ಸುತ್ತಿದಂಗ ಇದ್ದ, ಆದ್ರ ನಿಂತ ಪರಿ ನನಗ ಗುರ್ತ ಹತ್ತಿತು. ಸಗಣಿ ಕೈಯಾಗಿಂದ ಬಿತ್ತು. ಅಂವ ನನ್ನ ಮಾರಿ ನೋಡಲಿಲ್ಲ, ನನ್ನ ಬರೇ ಕೈ ನೋಡಿದ.

"ಯಾರ ಸತ್ರು?" ಅಂದ.

"ನೀವ ಸತ್ರಿ" ಅಂದ್ನಿ.

ಇಬ್ಬರೂ ಅಲ್ಲೇ ಸಗಣಿ ಅಂಗಳದಾಗ ಕೂತ ಅತ್ವಿ. ಅತ್ತಿ ಹೋದದ್ದ ಹೇಳಿದ್ನಿ. ಹೊಲಕ್ಕ ಹೋಗಿ ಎರಡೂ ಸಮಾಧಿ ತೋರಿಸಿದ್ನಿ, ಅವ್ವಂದೂ ಅವಂದೂ. ತನ್ನ ಸಮಾಧಿ ಮುಂದ ಅಂವ ನಿಂತ. "ಮೀಸಿ ಇಟ್ಟಿದ್ರಂತೇನು?" ಅಂತ ಕೇಳಿದ. ಹೊಲಕ್ಕ ಬರೂ ದಾರ್ಯಾಗ ಊರ ಮಂದಿ ಹೇಳಿದ್ರು.

ಅವನ ಕತಿ ಹಿಂಗಿತ್ತು. ಅಕ್ಕಿ ಹೇರಿದ ಅವನ ಹಡಗಿಗೆ ಒಂದ ಕರೇ ಹಡಗ ಎದರ ಬಂತಂತ, ನೋಡಿದ್ರ ಸಾದಾ ವ್ಯಾಪಾರದ ಹಡಗ. ಹತ್ತರ ಬಂದ ಕೂಡ್ಲೇ ಅದರ ಮಗ್ಗಲ ಹಲಗಿ ಕೆಳಗ ಬಿದ್ದ ತೋಫಿನ ಬಾಯಿ ಕಂಡ್ವಂತ. ಅದರ ಹೆಸರು ತೋಳ. ಮ್ಯಾಲ ಹಾರಿ ಬ್ಯಾಟಿ ಹುಡಕಾಕ ಅದರ ಹಂತೇಕ ಒಂದ ಸಣ್ಣ ವಿಮಾನ ಇತ್ತಂತ, ಅದಕ್ಕ ತೋಳನ ಮರಿ ಅಂತಿದ್ರಂತ. ಬೊಂಬಾಯಿ ಮುಂದ ಸಿಡಿಮದ್ದ ಇಟ್ಟದ್ದೂ ಅದ ಹಡಗ. ಇವರನ್ನೆಲ್ಲ ಕೈದ ಮಾಡಿ, ಆ ಮದ್ದ ಇಟ್ಟಿದ್ದ ಖಾಲಿ ಕ್ವಾಣ್ಯಾಗ ತುಂಬಿ, ಇವರ ಹಡಗ ಮುಳುಗಿಸಿಬಿಟ್ರು. ಒಬ್ಬ ಜರ್ಮನ್ ಸಿಪಾಯಿ ಅವನ ಕೊಳ್ಳಾಗಿನ ಕರಡಿಗಿ ಬಿಚ್ಚಿಸಿದನಂತ, ಬಂಗಾರ ಇರಬೇಕಂತ. ಒಳಗ ಕರೇ ಲಿಂಗ ಕಂಡ ಮಿಕಿಮಿಕಿ ನೋಡಿ, ತಿರುಗಿ ಕಟ್ಟಿಕೋ ಅಂತ ಸನ್ನಿ ಮಾಡಿದನಂತ. ತೋಳ ಯಾವ ಬಂದರಕ್ಕೂ ಹೋಗಲಿಲ್ಲ, ಯಾರಿಗೂ ಸುದ್ದಿ ಕೊಡಲಿಲ್ಲ. ಒಂದ ವರ್ಷದ ಮಟ್ಟಿಗೆ ಸಮುದ್ರ ಸುತ್ತಿ, ಬರ್ಫಿನ ನೀರ ಹಾದ ಜರ್ಮನ್ರ ಕೀಲ್ ಅನ್ನೂ ಊರ ಮುಟ್ಟಿತಂತ. ಕಾಯಿಪಲ್ಯ ಇಲ್ಲದ ಹಲ್ಲ ಬಿದ್ದದ್ದು ಆ ಹಡಗದಾಗ. ಆಮ್ಯಾಲ ಲಡಾಯಿ ಮುಗಿಯೂ ತನಕ ಜರ್ಮನ್ರ ಕೈದ ಕ್ಯಾಂಪಿನಾಗ ಇಟ್ಟಿದ್ರಂತ. "ಬಾಜಾ ಭಜಂತ್ರಿ ಹಚ್ಚಿ ಕರಕೊಂಡ್ರು. ದಂಡಿಗುಂಟ ಲಡಾಯಿ ಹಡಗ ಸಾಲಕ ನಿಂತಿದ್ವು, ಒಂದಕ್ಕಿಂತ ಒಂದ ದೊಡ್ಡವು. ಲಡಾಯಿಗೆ ಹೋದದ್ದ ಕಮ್ಮಿ, ಬಣ್ಣಾ ಹಚ್ಚಿಸ್ಕೊಂಡದ್ದ ಹೆಚ್ಚ" ಅನ್ನಾವ.

ದೈವದ ಹಿರ್ಯಾರು ಮತ್ತ ಕೂಡಿದ್ರು. ಅವನ ಕೊಳ್ಳಾಗ ಮದಲಿನ ಲಿಂಗ ಇತ್ತು, ಕುಣ್ಯಾಗ ಎರಡನೇದ ಇತ್ತು. ಒಬ್ಬ ಮನಶಾಗ ಎರಡ ಲಿಂಗ ಹೆಂಗ ಅಂತ ದಿನಾ ಎಲ್ಲಾ ವಾದ ಮಾಡಿ, ಕಡೀಕ ಅವನ ಲೆಕ್ಕಾ ಬಗಿಹರಿಸಿದ್ರು. "ಲಿಂಗ ಮೈಮ್ಯಾಲಿಂದ ಹೋಗಿಲ್ಲ. ಒಂದ ದೀಕ್ಷಾ ಕೊಟ್ಟ್ರಾತು, ಹುಡುಗ ನಮ್ಮಾವ." ಎಲ್ಲಾರೂ ತಲಿ ಹಾಕಿದ್ರು. ನಾ ಕಂಬಕ್ಕ ಆನಿಸಿ ನಿಂತಿದ್ನಿ. "ನಂದ ಹೆಂಗ್ರಿ?" ಅಂತ ಕೇಳಿದ್ನಿ.

ಹಿರ್ಯಾ ಒಬ್ಬಾಂವ ಕೆಮ್ಮಿದ. "ನೋಡವ್ವ, ತಾಳಿ ಕಟ್ಟೂದ ಒಮ್ಮೆ. ಅದು ತಗದ ಆಗೈತಿ, ಬಳಿ ಒಡದ ಆಗೈತಿ. ಮುತ್ತ ಒಡದ್ರ ಹೋತು. ಇನ್ನ ಉಡಕಿ ಮಾಡಿಕೊಳ್ರಿ, ಅದಕ್ಕ ಯಾರ್ದೂ ಅಡ್ಡಿಲ್ಲ" ಅಂದ.

ಉಡಕಿ ಅಂದ್ರ ಗಂಡ ಸತ್ತಾಕಿಗೆ ಮಾಡೂ ಎರಡನೇ ಲಗ್ನ. ಚಪ್ಪರ ಇಲ್ಲ, ಬಾಜಾ ಇಲ್ಲ. ಬಳಿ ಇಡಬಹುದು, ಬಾಳೇ ಮಾಡಬಹುದು, ಆದ್ರ ಮುತ್ತೈದಿ ಅಂತ ಯಾವ ಚಲೋ ಕೆಲಸಕ್ಕೂ ಕರಿಯೂದಿಲ್ಲ. ಅಂದ್ರ ಏನಾತು? ಸಾಯದ ಗಂಡನ್ನ ನಾ ಎರಡನೇ ಗಂಡ ಅಂತ ಮಾಡಿಕೊಳ್ಳಬೇಕ. ಅವನ ಗೊಂಬಿ ಸತ್ತಿತ್ತು, ಅಂವ ಬದಕಿದ್ದ. ನಾ ಮಾತ್ರ ಅವನ ಹೆಂಡತಿ ಆಗಿ ತಿರುಗಿ ಬದಕಾಕ ಹಾದಿ ಇರಲಿಲ್ಲ. ನ್ಯಾಯ ಅಂತ ಇದಕ! ಒದರ್ಯಾಡಿದ್ನಿ. ಗಂಡ ಆಮ್ಯಾಲ ಮನ್ಯಾಗ "ಹೆಂಗರ ಆಗ್ಲಿ ಬಿಡು, ನನಗ ಒಂದ ಕಡೆ ಕೂಡಬೇಕಾಗೇತಿ" ಅಂದ. ಅವನ ಮಾರಿ ನೋಡಿ ಒಪ್ಪಿಕೊಂಡ್ನಿ. ಉಡಕಿ ಆತು. ಹಸರ ಬಳಿ ಮತ್ತ ಇಟಗೊಂಡ್ನಿ. ಗಂಡ ಅವನ, ಮನಿ ಅದ, ಮಂದಿ ಕಣ್ಣ ಮಾತ್ರ ಬ್ಯಾರೆ.

ಅದ ವರ್ಷ ಇನ್ನೊಂದ ಸುದ್ದಿ ಬಂತು. ಇಂಗ್ಲಿಷರ ಕೈಗೆ ಸಿಕ್ಕ ನಿಂತಿದ್ದ ಜರ್ಮನ್ರ ಲಡಾಯಿ ಹಡಗಗಳನ್ನ, ಅದರಾಗಿನ ಜರ್ಮನ್ರ ತಮ್ಮ ಕೈಯಾರೆ ಮುಳುಗಿಸಿದ್ರಂತ. ಗಂಡ ಕೇಳಿ ಬಿದ್ದ ಬಿದ್ದ ನಕ್ಕ. "ನೀವೂ ಹಂಗ ಮಾಡಿದ್ರಲ್ಲ ನನ್ನ!" ಅಂದ. ನಾ ನಗಲಿಲ್ಲ.

ಮಗಳು ದೊಡ್ಡಾಕಿ ಆದ್ಳು. ಮೇಲವಂಕಿಗೆ ಕೊಟ್ಟೀವಿ. ಲಗ್ನದ ದಿನಾ ಸುರಗಿ ನೂಲ ಸುತ್ತಾಕ ಐದ ಮಂದಿ ಮುತ್ತೈದೇರನ್ನ ಕರದ್ರು. ಮಗಳು ಅರಿಷಿಣದ ಮಾರಿ ತಿರುವಿ ತಿರುವಿ ನನ್ನ ಹುಡಕಾಕತ್ತಿದ್ಳು. ನಾ ಹಿತ್ತಲದಾಗ ಹುಗ್ಗಿ ಹಂಡೇದ ಮುಂದ ಇದ್ನಿ. ನನ್ನ ಕರೀಲಿಲ್ಲ, ಕರಿಯೂದಿಲ್ಲ ಅಂತ ನನಗ ಗೊತ್ತಿತ್ತು. ಗೊತ್ತಿದ್ರ ಕಮ್ಮಿ ಸುಡತೈತೇನು? ಹೊಗಿ ಅಂತ ಹೇಳಿ ಕಣ್ಣ ಒರಸ್ಕೊಂಡ್ನಿ.

ಹುಡುಗಿ ಅಪ್ಪ, ಪಟಗಾ ಸುತ್ತಿದಾವ, ಚಪ್ಪರ ಬಿಟ್ಟ ಬಂದ ನನ್ನ ಬಾಜೂಕ ಕುಕ್ಕರಗಾಲಿಲೆ ಕೂತ. ರೂಢಿ ಪ್ರಕಾರ ಕೊಳ್ಳಿ ಸರಸಾಕ ಹತ್ತಿದ. ಆಮ್ಯಾಲ ಒಂದ ಕತಿ ಹೇಳಿದ, ಮದಲ ಎಂದೂ ಹೇಳಿರಲಿಲ್ಲ. ಕೈದ ಕ್ಯಾಂಪಿನಾಗ ಒಬ್ಬ ಮುದಕ ಕಾವಲುಗಾರ ಇದ್ದನಂತ, ವಯಸ್ಸಿನಾಗ ಅವನೂ ಹಡಗದಾಗ ಬೆಂಕಿ ಹಾಕಾವ, ಅಂವ ಹೇಳಿದ್ದಿದು. ಲಡಾಯಿ ಕಡೇ ದಿನಾ, ಸೋಲೂದ ಖರೆ ಅಂತ ಗೊತ್ತಾದ ಮ್ಯಾಲ, ಜರ್ಮನ್ರ ದೊಡ್ಡ ಸಾಹೇಬ್ರು ಎಲ್ಲಾ ಹಡಗ ತಗೊಂಡ ಹೋಗಿ ಸಾಯೂಣು ಅಂದ್ರಂತ. ಹಡಗದ ಹೊಟ್ಟ್ಯಾಗಿನ ಬೆಂಕಿ ಮಂದಿ ಒಲ್ಲೆ ಅಂದ್ರಂತ.

"ಏನ ಮಾಡಿದ್ರು? ಹೊಡದ್ರೇನು?" ಅಂತ ಕೇಳಿದ್ನಿ.

"ಒಬ್ಬರಿಗೂ ಕೈ ಹಚ್ಚಲಿಲ್ಲಂತ. ಬಾಯ್ಲರದಾಗಿನ ಬೆಂಕಿ ಹೊರಗ ಎಳದ್ರಂತ, ಸುಮ್ಮನ ಕೂತ್ರಂತ. ಬೆಂಕಿ ಇಲ್ಲದ ಅಷ್ಟ ದೊಡ್ಡ ಹಡಗ ಏನ ಮಾಡತೈತಿ? ನಿಂತಲ್ಲೇ ನಿಂತಿತು." ಹಂಗ ಅಂದ ನನ್ನ ಕಡೆ ನೋಡಿದ, ಹುಗ್ಗಿ ಹಂಡೇದ ಕಡೆ ನೋಡಿದ. ಕೊಳ್ಳಿ ಮ್ಯಾಲ ಅವನ ಕೈ ಇತ್ತು. "ಎಳೀಲೇನು? ಮಂದಿ ಉಪಾಸ ಕೂತ ಬುದ್ಧಿ ಕಲೀಲಿ" ಅಂದ.

"ಮಗಳ ಲಗ್ನ ಐತ್ರಿ. ಹುಗ್ಗಿ ಹಸಿ ಉಳದೀತು. ಎದ್ದ ಹೋಗ್ರಿ ನೀವು" ಅಂದ್ನಿ. ಹೋಗಲಿಲ್ಲ. ಅಕ್ಕಿಕಾಳ ಬೀಳೂ ತನಕ ಅಲ್ಲೇ ನನ್ನ ಬಾಜೂಕ ಕೂತ. ಆ ಒಂದಕ್ಕ ನಾ ಅವನ ಮ್ಯಾಲಿನ ಭಾಳ ಸಿಟ್ಟ ಬಿಟ್ಟೇನಿ.

ಒಮ್ಮೆ ಕೇಳಿದ್ನಿ ಅವನ್ನ, ಜರ್ಮನ್ರ ಹೆಂಗಸ್ರು ಬಳಿ ಇಡತಾರೇನ ಅಂತ. ಇಲ್ಲ, ಬೆರಳಿಗೆ ಒಂದ ಉಂಗರ ಅಷ್ಟ ಅಂದ. ಉಂಗರಾ ಒಡ್ಯಾಕ ಬರೂದಿಲ್ಲ, ಅವರ ಶಾಣ್ಯಾರು ಅಂದ್ಕೊಂಡ್ನಿ.

ಈಗಿನ ಲಡಾಯಿ ಹತ್ತಿದ ಮರುವರ್ಷ ಅಂವ ಹ್ವಾದ. ಈ ಸಲ ಖರೆ. ಮುಂಜಾನೆ ಒಲಿ ಮುಂದ ಕೂತಾವ ಹಂಗ ಗ್ವಾಡಿಗೆ ಆನಿಸಿದ, ಏಳಲಿಲ್ಲ. ಎಲ್ಲಿ ಕೂಡಸೂದ ಅಂತ ಹಿರ್ಯಾರು ಮಾರಿ ಮಾರಿ ನೋಡಿಕೊಂಡ್ರು. "ಅವನ ಜಾಗಾ ಮದಲs ಐತೆಲ್ಲ" ಅಂದ್ನಿ. ಅದ ಕುಣಿ ತಗದ್ರು. ಗೊಂಬಿನ ಗೆದ್ದಲ ತಿಂದ ಮಣ್ಣ ಮಾಡಿತ್ತು, ಮೀಸಿ ಇಲ್ಲ, ಮಾರಿ ಇಲ್ಲ. ಲಿಂಗ ಒಂದ ಉಳದಿತ್ತು. ಅಯ್ಯನವರು ಅದನ್ನ ತೊಳದ, ಅವನ ಲಿಂಗದ ಜೋಡಿ ಅವನ ಅಂಗೈಯಾಗ ಇಟ್ರು. ಹಡಗದ ಹೊಟ್ಟ್ಯಾಗ, ಕ್ಯಾಂಪಿನಾಗ, ಜೀವನಾ ಎಲ್ಲಾ ಕುಂದ್ರಾಕ ಜಾಗಾ ಹುಡಕಿದಾವ, ಚೆಂದಾಗಿ ಕೂತ.

ಮಣ್ಣ ಮುಚ್ಚಿದ ಮ್ಯಾಲ ಹೆಂಗಸ್ರು ಕಲ್ಲ ತಂದ್ರು. ಅವರ ಪೈಕಿ ಇಬ್ಬರು ಆಗೂ ನನ್ನ ಕೈ ಹಿಡದವರ, ಈಗ ಅವರೂ ಮುದುಕೇರು. "ಕೈ ಕೊಡವ್ವ" ಅಂದ್ರು.

ನಾ ಒದರಲಿಲ್ಲ. ಅಳೂದ ಬಿಡಲಿಲ್ಲ, ಅಳಕೋತನ ಎರಡೂ ಕೈ ಸೆರಗಿನಾಗ ಎಳಕೊಂಡ ತೊಡಿ ಕೆಳಗ ಇಟಗೊಂಡ ಕೂತ್ನಿ. ಮಗಳು ಬಂದ "ಯವ್ವ" ಅಂದ್ಳು, ಅಳಿಯ ಬಂದ, ಹಿರ್ಯಾರು ಬಂದ್ರು. "ಇದು ಪದ್ಧತಿ, ಗಂಡ ಸತ್ತಾನ" ಅಂದ್ರು.

"ಇವನ ಸಲುವಾಗಿ ಒಡದ ಆಗೈತ್ರಿ" ಅಂದ್ನಿ. "ಇದ ಕುಣಿ, ಇದ ಕಲ್ಲ, ಇವರ ಹೆಂಗಸ್ರು. ನಿಮಗ ನೆನಪಿಲ್ಲಂದ್ರ ನನ್ನ ಮಣಿಕಟ್ಟ ನೋಡ್ರಿ. ಒಬ್ಬ ಗಂಡಗ ಎಷ್ಟ ಸಲ ಒಡೀಬೇಕು?"

ಸಂಜಿ ಆತು, ಹಸಗೊಂಡ್ರು, ಒಬ್ಬೊಬ್ಬರ ಎದ್ದ ಊರ ಕಡೆ ಹ್ವಾದ್ರು. ಆ ಇಬ್ಬರ ಪೈಕಿ ಒಬ್ಬ ಮುದುಕಿ ಕಲ್ಲ ಒಯ್ದ ಬದುವಿನ ಮ್ಯಾಲ ಇಟ್ಟ ಬಂದ, ನನ್ನ ಬಾಜೂಕ ಕೂತ್ಳು.

ಹೋದ ವಾರ ಬಳಿಗಾರ ಸಾಬಣ್ಣ ನಮ್ಮ ಓಣಿಗೆ ಬಂದ. ನನ್ನ ಬಾಗಲ ಮುಂದ ತಲಿ ತಗ್ಗಿಸಿ ದಾಟಿ ಹೋಗಾಕತ್ತಿದ್ದ. ನಾನ ಕರದ್ನಿ. ಕಟ್ಟಿ ಮ್ಯಾಲ ಕೂತ ಕೈ ಮುಂದ ಮಾಡಿ, "ಎರಡ ಸೀಳ್ಯಾವ ನೋಡ, ಹಸರವ ಹಾಕು" ಅಂದ್ನಿ.